ಚಪ್ಪಲಿ ಕಾಯುವವಳ ಮಾತು

ಸಾನ್ ಡಿಯಾಗೊ
೨೧ ಅಕ್ಟೋಬರ್ ೨೦೨೪, ಸೋಮವಾರ

ನನ್ನ ಸಿಂಧೂರ,

ನಾನು ಚೆನ್ನಾಗಿದ್ದೇನೆ. ನೀನು ಹೇಗಿದ್ದೀಯ ಎನ್ನುವುದು ನೀನು ಫೋನಿನಲ್ಲಿ ಕಳಿಸುವ ಹೆಬ್ಬೆರಳಿನ ಚಿತ್ರದಿಂದ ನನಗೆ ತಿಳಿಯುತ್ತಿಲ್ಲ. ಊಟ ಆಯಿತಾ ಎಂದರೆ ಹೆಬ್ಬೆರಳು, ಕೆಮ್ಮು ಕಡಿಮೆಯಾಯಿತಾ ಎಂದರೆ ಹೆಬ್ಬೆರಳು. ದಸರೆಗೆ ಬರುತ್ತೀಯಾ ಎಂದು ಕೇಳಿದ್ದಕ್ಕೆ ಅದೂ ಬರಲಿಲ್ಲ. ಅದಕ್ಕೇ ಕಾಗದ ಹಿಡಿದು ಕೂತಿದ್ದೇನೆ. ಫೋನ್ ಮಾಡಿದರೆ ನಾನು ನಡುವೆ ಬಾಯಿ ಹಾಕುತ್ತೇನೆ, ನೀನು ಇನ್ನೊಮ್ಮೆ ಸಿಟ್ಟಾಗುತ್ತೀಯ. ಕನ್ನಡ ಓದುವುದು ಮರೆತುಹೋಗಿದೆ ಎಂದು ಮಾತ್ರ ಹೇಳಬೇಡ. ಆರ್ಟೀಸಿಯಾದ ಹೋಟೆಲಿನ ಹಿಂಬದಿಯಲ್ಲಿ ಬೇಳೆ ಮೂಟೆಯ ಮೇಲೆ ಕೂರಿಸಿ ನಿನಗೆ ಅಕ್ಷರ ತಿದ್ದಿಸಿದವಳು ನಾನು. ಒಳಗೆ ನಿನ್ನಪ್ಪ ದೋಸೆ ಎರೆಯುತ್ತಿದ್ದರು, ಹೊರಗೆ ನೀನು ಮೂಗು ಒರೆಸಿಕೊಳ್ಳುತ್ತ ಒತ್ತಕ್ಷರ ಬರೆಯುತ್ತಿದ್ದೆ.

ಮೊನ್ನೆ ಶನಿವಾರ ಲಾಸ್ ಏಂಜಲೀಸ್‌ನಲ್ಲಿ ನಿನ್ನ ಪ್ರದರ್ಶನ ಚೆನ್ನಾಗಿ ಆಯಿತಂತೆ. ನೀಲಿ ಸೀರೆ ಉಟ್ಟಿದ್ದೆಯಂತೆ. ತಂತಿವಾದ್ಯ ನುಡಿಸುವ ಜಪಾನಿ ಹೆಂಗಸು ನಿನ್ನ ಎಡಕ್ಕೆ ಕೂತಿದ್ದರಂತೆ. ಯಾರು ಹೇಳಿದರು ಎಂದು ಕೇಳಬೇಡ, ಒಳ್ಳೆಯ ಸುದ್ದಿಗೆ ಕಾಲು ಬಹಳ. ನಮ್ರತಾಳ ಸೀಮಂತ ಅದೇ ದಿನ ಇತ್ತು. ಅಷ್ಟು ಜನಕ್ಕೆ ಹೋಳಿಗೆ, ಚಿತ್ರಾನ್ನ, ಹಯಗ್ರೀವ. ಈ ಊರಿನಲ್ಲಿ ನನ್ನ ಹೋಳಿಗೆ ಇಲ್ಲದೆ ಕನ್ನಡದವರ ಯಾವ ಬಸುರಿಯೂ ಹಸಿರು ಬಳೆ ತೊಟ್ಟಿಲ್ಲ ಎನ್ನುವುದು ನಿನಗೆ ಗೊತ್ತೇ ಇದೆ. ಹಾಗಾಗಿ ನಾನು ಬರಲಿಲ್ಲ ಎಂದು ನೀನು ಬೇಸರ ಮಾಡಿಕೊಳ್ಳುವುದು ಬೇಡ. ನೀನು ಕರೆದಿರಲಿಲ್ಲ ಎಂದು ನಾನೂ ಮಾಡಿಕೊಳ್ಳುವುದಿಲ್ಲ.

ಈಗ ಗಣೇಶ ಹಬ್ಬದ ಸಂಜೆಯ ವಿಷಯಕ್ಕೆ ಬರುತ್ತೇನೆ. ಒಂದು ತಿಂಗಳು ದಾಟಿದರೂ ಅದು ನಮ್ಮಿಬ್ಬರ ನಡುವೆ ಕಾಲು ಚಾಚಿ ಕೂತಿದೆ. ಯಾರಾದರೂ ಎಬ್ಬಿಸಬೇಕಲ್ಲ.

ಕನ್ನಡ ಸಂಘದ ಕಾರ್ಯಕ್ರಮದಲ್ಲಿ ನೀನು ಆ ಮೂಕಿ ಚಿತ್ರಕ್ಕೆ ಕನ್ನಡದಲ್ಲಿ ಕಥೆ ಹೇಳುತ್ತೀಯ ಎಂದು ರೇಖಾ ಫೋನ್ ಮಾಡಿ ತಿಳಿಸಿದಾಗ ನಾನು ಅಡುಗೆಮನೆಯಲ್ಲಿ ಒಬ್ಬಳೇ ನಕ್ಕೆ. ಜಪಾನಿನಲ್ಲಿ ಮಾತಿಲ್ಲದ ಸಿನಿಮಾದ ಕಾಲದಲ್ಲಿ ತೆರೆಯ ಪಕ್ಕ ನಿಂತು ಎಲ್ಲರ ಮಾತನ್ನೂ ಹೇಳುವವರು ಇದ್ದರು, ಅವರನ್ನು ಬೆನ್ಶಿ ಎನ್ನುತ್ತಿದ್ದರು ಎಂದು ನೀನು ಮೊದಲ ಸಲ ಹೇಳಿದ್ದು ನೆನಪಿದೆಯಾ? ಪಿಎಚ್‌ಡಿಗೆ ಸೇರಿದ ವರ್ಷ. ನಾನು ಅಕ್ಕಿ ತೊಳೆಯುತ್ತಿದ್ದೆ. ಇದಕ್ಕೆ ಅಷ್ಟು ದೂರ ಹೋಗಬೇಕಿತ್ತಾ ಮಾರಾಯ್ತಿ, ನಿನ್ನ ಅಮ್ಮನೇ ಬೆನ್ಶಿ ಅಲ್ಲವಾ ಎಂದಿದ್ದೆ. ನೀನು ನಕ್ಕಿದ್ದೆ, ಆದರೆ ಮಾರನೆಯ ದಿನವೇ ನನ್ನ ತಾಳಮದ್ದಲೆಯ ಮಾತು ಹಿಡಿದಿಡಲು ರೆಕಾರ್ಡರ್ ತಂದು ನನ್ನ ಮುಂದೆ ಇಟ್ಟಿದ್ದೆ.

ನಿನ್ನ ಪ್ರೊಫೆಸರ್‌ಗೆ ತಾಳಮದ್ದಲೆ ಎಂದರೇನು ಎಂದು ಹೇಳಬೇಕಾದರೆ ಹೀಗೆ ಹೇಳು. ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಒಂದು ಪದ ಹಾಡುತ್ತಾರೆ, ಎರಡೋ ಮೂರೋ ಸಾಲು. ಅಲ್ಲಿಂದ ಮುಂದೆ ಅರ್ಥಧಾರಿ ಕೂತಲ್ಲೇ ಆ ಪಾತ್ರವಾಗಿ ಮಾತಾಡಬೇಕು, ಆ ಮಾತಿಗೇ ಅರ್ಥ ಎನ್ನುತ್ತೇವೆ. ಬರೆದುಕೊಟ್ಟ ಮಾತು ಒಂದೂ ಇಲ್ಲ. ಎದುರಿಗೆ ಕೂತವಳು ಪ್ರಶ್ನೆ ಹಾಕಿದರೆ ಅಲ್ಲೇ ಉತ್ತರ ಹುಟ್ಟಬೇಕು. ಕುಂದಾಪುರದ ನಮ್ಮ ಹೆಂಗಸರ ಕೂಟದಲ್ಲಿ ನಾನು ಮಂಡೋದರಿಯಾದರೆ ಎದುರಿನ ರಾವಣ ಲೋಟದ ನೀರಿಗೆ ಕೈ ಚಾಚುತ್ತಿದ್ದಳು. ಜಂಬ ಎಂದುಕೋ, ನನಗೇನೂ ಬೇಸರವಿಲ್ಲ. ಇನ್ನೊಂದು ಪದ್ಧತಿ ಇತ್ತು. ಜೊತೆಯವಳಿಗೆ ಮಾತು ನಿಂತುಹೋದರೆ, ಸಭೆಗೆ ಗೊತ್ತಾಗುವ ಮೊದಲು ಪಕ್ಕದವಳು ಎತ್ತಿಕೊಳ್ಳಬೇಕು. ನಿಂತವಳನ್ನು ಸಭೆಯ ಮುಂದೆ ನಿಂತ ಹಾಗೇ ಬಿಟ್ಟರೆ ಅದಕ್ಕಿಂತ ದೊಡ್ಡ ಅವಮಾನ ನಮ್ಮಲ್ಲಿ ಇರಲಿಲ್ಲ.

ಆ ಸಂಜೆ ನಡೆದದ್ದು ಇದೇ. ನೀನು ಅದನ್ನು ನಂಬಲಿಲ್ಲ, ಆದರೆ ಇದೇ.

ನಾನು ಸಭೆಯೊಳಗೆ ಹೇಗೆ ಬಂದೆ ಎನ್ನುವುದನ್ನು ನಿನಗೆ ಹೇಳಿರಲಿಲ್ಲ. ಅವತ್ತಿನ ಅಡುಗೆ ನನ್ನದೇ ಇತ್ತಲ್ಲ, ನಿನ್ನ ಸರದಿ ಬರುವ ಮೊದಲು ರೇಖಾ ಸಭಾಂಗಣದ ಹಿಂದಿನ ಅಡುಗೆಮನೆಗೆ ಬಂದಳು. ಅವಳು ಕೆಟ್ಟವಳಲ್ಲ, ಸಂಘದ ಕೆಲಸಕ್ಕೆ ಓಡಾಡಿ ಸೋತಿದ್ದಳು. “ಗೌರಿ ಆಂಟಿ, ನೀವು ಕಿಚನ್ನಲ್ಲೇ ಇದ್ಬಿಡಿ. ಬ್ರೇಕ್ ಹೊತ್ತಿಗೆ ಸಾಂಬಾರ್ ಬಿಸಿ ಇರ್ಬೇಕು. ಸಿಂಧೂರದ್ದು ವಿಡಿಯೋ ಮಾಡಿರ್ತೀವಿ, ಆಮೇಲೆ ನೋಡ್ಕೋಬಹುದು” ಎಂದಳು. ನಾನು ಆಗಲಿ ಎಂದೆ. ಅವಳು ಆಚೆ ಹೋದಳು. ಸಾಂಬಾರಿನ ಉರಿ ಸಣ್ಣ ಮಾಡಿ, ಸೌಟು ಹಿಡಿದುಕೊಂಡೇ ಸಭೆಯ ಹಿಂದಿನ ಬಾಗಿಲಿಗೆ ಬಂದು ನಿಂತೆ. ಹೊಟ್ಟೆಯಲ್ಲಿ ಹುಟ್ಟಿದ ಮಗಳನ್ನು ವಿಡಿಯೋದಲ್ಲಿ ನೋಡುವುದಕ್ಕೆ ನನಗೇನು ಕಣ್ಣಿಲ್ಲವೇ?

ಏನು ಚೆನ್ನಾಗಿ ಹೇಳುತ್ತಿದ್ದೆ ಸಿಂಧೂರ! ಮೊದಲು ಆ ಕಾಲವನ್ನು ಹೇಳಿದೆ. ಬೆನ್ಶಿಗಳ ಹೆಸರು ನಟರ ಹೆಸರಿಗಿಂತ ದೊಡ್ಡದಾಗಿ ಬರೆಸುತ್ತಿದ್ದದ್ದು, ಮಾತಾಡುವ ಸಿನಿಮಾ ಬಂದ ಮೇಲೆ ಅವರೆಲ್ಲ ಕೆಲಸ ಕಳೆದುಕೊಂಡದ್ದು, ಮುಷ್ಕರ ಹೂಡಿದ್ದು, ಕೆಲವರು ಸೈಕಲ್ ಮೇಲೆ ಚಿತ್ರದ ಹಲಗೆ ಕಟ್ಟಿಕೊಂಡು ಬೀದಿಯ ಮಕ್ಕಳಿಗೆ ಕಥೆ ಹೇಳಿ ಮಿಠಾಯಿ ಮಾರಿದ್ದು. ಆಮೇಲೆ ಎಲ್ಲರಿಗಿಂತ ಕೆಳಗಿದ್ದವರನ್ನು ಹೇಳಿದೆ. ಆಗಿನ ಟಾಕೀಸಿನಲ್ಲಿ ಜನ ಚಪ್ಪಲಿ ಕಳಚಿ ಒಳಗೆ ಹೋಗುತ್ತಿದ್ದರು, ಬಾಗಿಲಲ್ಲಿ ಅದನ್ನು ಕಾಯುವವರಿದ್ದರು. ಜನ ಚಪ್ಪಲಿ ಹಾಕಿಕೊಂಡೇ ಒಳಗೆ ಹೋಗುವ ಕಾಲ ಬಂದಾಗ ಅವರ ಕೆಲಸವೂ ಹೋಯಿತು. ಅವರು ಮುಷ್ಕರ ಹೂಡಿದ ಸುದ್ದಿ ನನಗೆ ಎಲ್ಲೂ ಸಿಕ್ಕಿಲ್ಲ ಎಂದು ನೀನು ಹೇಳಿದೆ. ಸಾಫ್ಟ್‌ವೇರಿನವರು, ಮಕ್ಕಳು ಮರಿ, ಎಲ್ಲರೂ ಫೋನ್ ಕೆಳಗಿಟ್ಟರು. ಮುಂದಿನ ಸಾಲಿನಲ್ಲಿ ನಿನ್ನ ಪ್ರೊಫೆಸರ್ ಕೂತಿದ್ದರು. ಲಾಸ್ ಏಂಜಲೀಸ್ ಪ್ರದರ್ಶನವನ್ನು ನಿನಗೆ ಕೊಡುವುದೋ ಬೇಡವೋ ಎಂದು ನೋಡಲು ಬಂದಿದ್ದಾರೆ ಎಂದು ನೀನು ಮೊದಲೇ ಹೇಳಿದ್ದೆ. ಅವರಿಗೆ ಕನ್ನಡ ಬಾರದಿದ್ದರೂ ತಲೆದೂಗುತ್ತಿದ್ದರು.

ಚಿತ್ರ ಶುರುವಾಯಿತು. ಮೊದಲ ರೀಲೂ ಕೊನೆಯ ರೀಲೂ ಕಳೆದುಹೋಗಿ ನಡುವಿನದಷ್ಟೇ ಉಳಿದಿದೆ ಎಂದಿದ್ದೆ. ಅದರಲ್ಲಿ ಬರುವವಳೂ ಟಾಕೀಸಿನ ಬಾಗಿಲಲ್ಲಿ ಚಪ್ಪಲಿ ಕಾಯುವವಳೇ. ಗಂಡನಿಲ್ಲ, ಶಾಲೆಗೆ ಹೋಗುವ ಮಗಳಿದ್ದಾಳೆ. ಮಗಳ ಸಹಪಾಠಿಯ ತಾಯಿ, ದೊಡ್ಡ ಮನೆಯವಳು, ಸಿನಿಮಾಕ್ಕೆ ಬರುತ್ತಾಳೆ. ಹೊರಡುವಾಗ ಅವಳ ಮರದ ಚಪ್ಪಲಿಯ ಪಟ್ಟಿ ಹರಿದಿರುತ್ತದೆ. ಎಲ್ಲರೆದುರು ಕೂಗಾಡುತ್ತಾಳೆ. ಅವಳ ಕೂಗಾಟಕ್ಕೆ, ಮೂಕಿ ಚಿತ್ರದಲ್ಲಿ ಮಾತನ್ನು ಬರೆದು ತೋರಿಸುವ ಕಪ್ಪು ಹಲಗೆಯ ಮೇಲೆ ಅಕ್ಷರ ಬಂತು, ಮತ್ತೆ ಬಂತು, ಇನ್ನೊಮ್ಮೆಯೂ ಬಂತು. ನೀನು ಅದನ್ನೆಲ್ಲ ಕನ್ನಡದಲ್ಲಿ ಕೂಗಿದೆ. ಆಮೇಲೆ ಚಪ್ಪಲಿ ಕಾಯುವವಳ ಮುಖ ದೊಡ್ಡದಾಗಿ ಬಂತು. ಮಂಡಿಯೂರಿ, ಬೆನ್ನು ಬಗ್ಗಿಸಿ, ಚಪ್ಪಲಿಯನ್ನು ಬಾಗಿಲ ಕಡೆ ತಿರುಗಿಸಿ ಇಡುತ್ತ ಏನೋ ಹೇಳುತ್ತಾಳೆ. ತುಟಿ ಆಡುತ್ತದೆ. ಹಲಗೆ ಬರುವುದಿಲ್ಲ.

ನೀನು ಸುಮ್ಮನಾದೆ.

ನಾನು ಕಾದೆ, ನಿಜವಾಗಿ ಕಾದೆ. ಅವಳ ತುಟಿ ಆಡುತ್ತಲೇ ಇತ್ತು, ನೀನು ಬಾಯಿ ಬಿಡಲಿಲ್ಲ. ಮಗಳಿಗೆ ಮಾತು ನಿಂತಿತು, ಮುಂದಿನ ಸಾಲಿನಲ್ಲಿ ಪ್ರೊಫೆಸರ್ ಇದ್ದಾರೆ, ಸಭೆಗೆ ಗೊತ್ತಾಗುವ ಮೊದಲು ಎತ್ತಿಕೊಳ್ಳಬೇಕು ಎಂದಷ್ಟೇ ನನ್ನ ತಲೆಗೆ ಹೊಳೆದದ್ದು. ಊರು ಬಿಟ್ಟ ಮೇಲೆ ಸಭೆಯಲ್ಲಿ ಬಾಯಿ ತೆರೆದವಳಲ್ಲ ನಾನು. ಆದರೆ ಸ್ವರ ಎಲ್ಲಿಗೂ ಹೋಗಿರಲಿಲ್ಲ. “ತಾಯೀ, ಬಾಗಿದ್ದು ನನ್ನ ಬೆನ್ನು, ನಾನಲ್ಲ” ಎಂದು ಎತ್ತಿಕೊಂಡೆ. “ಇಷ್ಟು ಪಾದರಕ್ಷೆಗಳ ನಡುವೆ ನಿಮ್ಮದು ಯಾವುದೆಂದು ಕಣ್ಣುಮುಚ್ಚಿ ಹೇಳಬಲ್ಲೆ. ನಾಳೆ ದಾರಿಯಲ್ಲಿ ಎದುರಾದರೆ ನಾನು ಯಾರೆಂದು ನೀವು ಹೇಳಬಲ್ಲಿರಾ? ಹರಿದ ಪಟ್ಟಿಯನ್ನು ಹೊಲಿದು ಕೊಡುತ್ತೇನೆ. ಮನೆಗೆ ಹೋಗುವಾಗ ನಿಮ್ಮ ಕಾಲು ನೋಯದಿರಲಿ. ಆದರೆ ನನ್ನ ಮಗಳು ನೋಡುತ್ತಿರುವಾಗ ನನ್ನನ್ನು ಹೆಸರಿಲ್ಲದವಳಂತೆ ಕರೆಯಬೇಡಿ.” ಹೀಗೆ ಹೋಯಿತು. ಇನ್ನೂ ಹೋಗುತ್ತಿತ್ತು.

ನಮ್ಮ ಭಾಗವತರು ಅರ್ಥ ಮುಗಿಯುವವರೆಗೆ ಕಾಯುತ್ತಿದ್ದರು. ಸಿನಿಮಾ ಯಂತ್ರ ಕಾಯುವುದಿಲ್ಲ ಎನ್ನುವುದು ನನಗೆ ಹೊಳೆಯಲೇ ಇಲ್ಲ. ನಾನು ಮಗಳ ಮಾತಿಗೆ ಬರುವಷ್ಟರಲ್ಲಿ ಚಪ್ಪಲಿ ಕಾಯುವವಳು ಹೋಗಿ, ತೆರೆಯ ತುಂಬ ಮೂಲಂಗಿ ಗಾಡಿ ಬಂದಿತ್ತು. ಅಷ್ಟು ದೊಡ್ಡ ಮಾತನ್ನು ಮೂಲಂಗಿ ಹೇಳಿದ ಹಾಗಾಯಿತು. ಒಂದು ಮಗು ಕಿಸಕ್ಕೆಂದಿತು. ಆಮೇಲೆ ಇಡೀ ಸಭೆ ನಕ್ಕಿತು. ಎಲ್ಲರೂ ತಿರುಗಿ ನೋಡಿದರು. ಸೌಟು ನನ್ನ ಕೈಯಲ್ಲೇ ಇತ್ತು. ನೀನು ಉಳಿದದ್ದನ್ನು ಹೇಳಿ ಮುಗಿಸಿದೆ. ಸ್ವರದಲ್ಲಿ ಏರಿಳಿತ ಇರಲಿಲ್ಲ.

ಊಟದ ಸಾಲಿನಲ್ಲಿ ರೇಖಾ, “ಆಂಟಿ, ಸೂಪರ್, ನೆಕ್ಸ್ಟ್ ಇಯರ್ ಸ್ಕಿಟ್‌ಗೆ ನೀವೇ” ಎಂದು, ಹಿಂದೆಯೇ ಇನ್ನೊಂದು ಸೌಟು ಸಾಂಬಾರು ಕೇಳಿದಳು. ಬಡಿಸಿದೆ. ಸಾಂಬಾರು ಬಿಸಿಯಾಗಿಯೇ ಇತ್ತು, ಅದರಲ್ಲಿ ಯಾರೂ ನನಗೆ ಬೆರಳು ತೋರಿಸುವಂತಿಲ್ಲ.

ಪಾರ್ಕಿಂಗ್ ಲಾಟಿನಲ್ಲಿ ನೀನು ಹೇಳಿದ ಮಾತು ನನಗೆ ಬಾಯಿಪಾಠವಾಗಿದೆ. “ಅಮ್ಮ, ಅದು ನಾನು ಬೇಕಂತ್ಲೇ ಬಿಟ್ಟ ಜಾಗ. ಅವಳು ಎಂತ ಹೇಳಿದ್ಲು ಅಂತ ಯಾರಿಗೂ ಗೊತ್ತಿಲ್ಲ. ಯಜಮಾನಿ ಮಾತಿಗೆ ಮೂರು ಹಲಗೆ ಹಾಕಿದವ್ರು ಅವಳಿಗೆ ಒಂದೂ ಹಾಕ್ಲಿಲ್ಲ. ಅದನ್ನೇ ನಾನು ತೋರಿಸ್ಬೇಕಿತ್ತು. ನೀನು ಅವಳ ಬಾಯಿಗೆ ನಿನ್ನ ಮಾತು ತುರುಕಿದಿ. ಜನ ನಕ್ಕು ಮನೆಗೆ ಹೋದ್ರು.” ನಿನ್ನ ಬೆನ್ಶಿ ಗುರುಗಳು, ಆ ಮುದುಕರು, ತೆರೆಯ ಮೇಲೆ ತುಟಿ ಆಡಿದ ಕಡೆಯೆಲ್ಲ ಮಾತು ತುಂಬಬೇಡ ಎಂದು ಜಪಾನಿನಲ್ಲಿ ಒಂದು ವರ್ಷ ಕಲಿಸಿದ್ದನ್ನೂ ಹೇಳಿದೆ. ಆಮೇಲೆ ಕಾರು ಹತ್ತಿ ಲಾಂಗ್ ಬೀಚಿಗೆ ಹೊರಟುಬಿಟ್ಟೆ. ನಿನಗೆಂದು ಎತ್ತಿಟ್ಟಿದ್ದ ಕಡುಬು ನನ್ನ ಕೈಯಲ್ಲೇ ಉಳಿಯಿತು.

ನೀನು ಹೇಳಿದ್ದು ಸರಿ. ಬರೆಯುವುದಕ್ಕೇ ಇಷ್ಟು ದಿನ ಬೇಕಾಯಿತು. ಅಷ್ಟು ಹೊತ್ತು ಬಾಯಿ ಕಟ್ಟಿಕೊಂಡು ನಿಲ್ಲುವುದಕ್ಕೆ ಮಾತಾಡುವುದಕ್ಕಿಂತ ಹೆಚ್ಚು ಎದೆ ಬೇಕು. ನನಗೆ ಆ ಎದೆ ಇಲ್ಲ, ನಿನಗಿದೆ. ಅದು ನಿನಗೆ ಎಲ್ಲಿಂದ ಬಂತೋ, ನಿನ್ನಪ್ಪನಿಂದಲೇ ಇರಬೇಕು. ಕೊರೊನಾ ಬಂದು ಆಸ್ಪತ್ರೆಗೆ ಸೇರಿದವರು ಫೋನಿನ ಪರದೆಯಲ್ಲಿ ನಮ್ಮನ್ನು ನೋಡುತ್ತ ಒಂದು ಮಾತೂ ಆಡದೆ ಇದ್ದರು. ಅವತ್ತು ಅವರ ಮಾತನ್ನೂ ನಾನೇ ಹೇಳಿದ್ದೆ. ಬಿಸಿನೀರು ಕುಡಿ ಅಂತಿದ್ದಾರೆ, ಹೆದರಬೇಡ ಅಂತಿದ್ದಾರೆ ಎಂದು ನಿನಗೆ ಹೇಳುತ್ತಲೇ ಇದ್ದೆ. ನೀನು ಸುಮ್ಮನೆ ಅವರನ್ನು ನೋಡುತ್ತಿದ್ದೆ.

ಆದರೆ ನಾನೂ ಸರಿ. ನಿಮ್ಮ ವಿದ್ಯೆಯಲ್ಲಿ ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಎನ್ನುವುದು ಮರ್ಯಾದೆ. ನಮ್ಮ ವಿದ್ಯೆ ಹುಟ್ಟಿದ್ದೇ ಗೊತ್ತಿಲ್ಲದ ಕಡೆ. ಮಂಡೋದರಿ ಏನು ಹೇಳಿದಳು ಎಂದು ಪದದಲ್ಲಿ ಇರುವುದು ಎರಡು ಸಾಲು, ಮಿಕ್ಕದ್ದನ್ನು ಕುಂದಾಪುರದಲ್ಲಿ ಬೀಡಿ ಕಟ್ಟುವ ಹೆಂಗಸರು, ಮೀನು ಮಾರುವ ಹೆಂಗಸರು, ನನ್ನಂಥವರು ಹೇಳಿದೆವು. ನಮ್ಮ ಹೊಟ್ಟೆಯಲ್ಲಿದ್ದದ್ದನ್ನು ಅವಳ ಬಾಯಲ್ಲಿ ಹೇಳಿದೆವು. ನಿಜ ಹೇಳಬೇಕೆಂದರೆ ಅವತ್ತಿನ ಅರ್ಥದಲ್ಲಿಯೂ ಒಂದೆರಡು ಮಾತು ಆ ಜಪಾನಿನವಳದ್ದಲ್ಲ, ಅಡುಗೆಮನೆಯಲ್ಲೇ ಇದ್ದುಬಿಡಿ ಎನ್ನಿಸಿಕೊಂಡವಳದ್ದು. ಯಾವ ಮಾತು ಯಾರದು ಎಂದು ಬೇರ್ಪಡಿಸಿ ಕೊಡಲು ನನಗೆ ಬರುವುದಿಲ್ಲ.

ಒಂದು ಮಾತು ನೆನಪಿಟ್ಟುಕೋ. ನನಗೆ ಅಡುಗೆಯ ಕೆಲಸದಲ್ಲಿ ನಾಚಿಕೆ ಇಲ್ಲ. ಸೆರಿಟೋಸ್‌ನಿಂದ ಇಲ್ಲಿಯವರೆಗೆ ಎಷ್ಟು ಮನೆಯ ಮಕ್ಕಳು ನನ್ನ ಕೈಯ ಮೊದಲ ತುತ್ತು ಉಂಡಿದ್ದಾರೋ ಲೆಕ್ಕವಿಲ್ಲ. ನಿನ್ನಪ್ಪ ಹೋದ ಮೇಲೆ ಒಲೆ ಹಚ್ಚಿದವಳು ಆರಿಸಿಲ್ಲ. ನೀನು ಆ ಚಿತ್ರವನ್ನು ಯಾಕೆ ಆರಿಸಿಕೊಂಡೆ ಎಂದು ನಾನು ಕೇಳಿಲ್ಲ, ಕೇಳುವುದೂ ಇಲ್ಲ. ಅಮ್ಮನ ಮೇಲಿನ ಕನಿಕರದಿಂದಾದರೆ ಅದು ನನಗೆ ಬೇಡ. ಅದರಲ್ಲಿ ನೀನು ಬೇರೆ ಏನನ್ನೋ ಕಂಡಿದ್ದರೆ ಸಂತೋಷ.

ನನ್ನನ್ನು ಕಾಡುವುದು ಒಂದೇ. ನಿನ್ನ ಚಿತ್ರದ ಕೊನೆಯಲ್ಲಿ ಆ ಶಾಲೆಯ ಹುಡುಗಿ ಕಂಬದ ಮರೆಯಲ್ಲಿ ನಿಂತು ಎಲ್ಲವನ್ನೂ ನೋಡಿರುತ್ತಾಳೆ. ಒಂದು ಹೆಜ್ಜೆ ಮುಂದಿಡುತ್ತಾಳೆ. ಅಲ್ಲಿಗೆ ರೀಲು ಮುಗಿಯುತ್ತದೆ. ಅವಳು ತಾಯಿಯ ಹತ್ತಿರ ಹೋದಳೋ, ಗುರುತಿಲ್ಲದವಳ ಹಾಗೆ ಬೀದಿಗಿಳಿದಳೋ ಯಾರಿಗೂ ಗೊತ್ತಿಲ್ಲ ಎನ್ನುತ್ತೀಯ. ಒಂದು ತಿಂಗಳಿಂದ ಹಿಟ್ಟು ಕಲಸುವಾಗಲೂ ನನಗೆ ಅದೇ ಯೋಚನೆ. ನೀನು ನನ್ನ ಮೇಲೆ ಸಿಟ್ಟಾದದ್ದು ನಾನು ನಿನ್ನ ಮೌನ ಕೆಡಿಸಿದ್ದಕ್ಕೋ, ಸೌಟು ಹಿಡಿದುಕೊಂಡು ನಿನ್ನ ಪ್ರೊಫೆಸರ್ ಎದುರು ಬಂದದ್ದಕ್ಕೋ? ಮೊದಲನೆಯದಾದರೆ ನನಗೆ ಹೆಮ್ಮೆ, ನಿನ್ನ ವಿದ್ಯೆಯನ್ನು ಕಾದುಕೊಳ್ಳುತ್ತಿದ್ದೀಯ ಎಂದು. ಎರಡನೆಯದಾದರೆ ನನಗೆ ತಡೆದುಕೊಳ್ಳಲಾಗುವುದಿಲ್ಲ. ಬರೆದುಬಿಟ್ಟೆ. ಅಳಿಸುವುದಿಲ್ಲ.

ದೀಪಾವಳಿ ಹತ್ತಿರ ಬಂತು. ನೀರು ತುಂಬುವ ಹಬ್ಬಕ್ಕೆ ಹಂಡೆ ಇಲ್ಲದಿದ್ದರೂ ದೊಡ್ಡ ಪಾತ್ರೆ ಇದೆ, ಎಣ್ಣೆ ಇದೆ, ನಿನ್ನ ತಲೆ ಒಂದು ಬರಬೇಕು. ಬರುವುದಾದರೆ ಹೆಬ್ಬೆರಳು ಕಳಿಸಬೇಡ, ನೀನೇ ಬಾ. ಲಾಸ್ ಏಂಜಲೀಸ್‌ನಲ್ಲಿ ಆ ಜಾಗ ಬಂದಾಗ ಏನು ಮಾಡಿದೆ ಎಂದು ನಾನು ಕೇಳುವುದಿಲ್ಲ. ಅದು ನಿನ್ನ ಸಭೆ, ನೀನು ಅರ್ಥಧಾರಿ.

ಅಡುಗೆಯವಳೂ ಅರ್ಥಧಾರಿಯೂ ಆದ
ನಿನ್ನ ಅಮ್ಮ,
ಗೌರಿ

ತಾ.ಕ.: ಲಕೋಟೆ ಅಂಟಿಸಿದ್ದೆ, ಮನಸ್ಸು ಒಪ್ಪದೆ ಬಿಡಿಸಿದೆ. ನಮ್ರತಾಳ ಸೀಮಂತಕ್ಕೆ ಅಡುಗೆ ಮಾಡಿದ್ದು ನಾನಲ್ಲ, ಇಂದಿರಾ. ಹೋಳಿಗೆ ಗಟ್ಟಿಯಾಗಿತ್ತಂತೆ. ಒಪ್ಪಿಕೊಂಡ ಅಡುಗೆಯನ್ನು ಇನ್ನೊಬ್ಬರ ಕೈಗೆ ಕೊಟ್ಟದ್ದು ಇದೇ ಮೊದಲು. ನಾನು ರೈಲು ಹತ್ತಿ ಲಾಸ್ ಏಂಜಲೀಸಿಗೆ ಬಂದೆ, ಟಿಕೆಟ್ ತೆಗೆದುಕೊಂಡು ಕೊನೆಯ ಸಾಲಿನಲ್ಲಿ ನಿನ್ನಪ್ಪನ ಕಂದು ಜಾಕೆಟ್ ಹೊದ್ದು ಕೂತೆ. ಇಂಗ್ಲಿಷಿನಲ್ಲಿ ಎಷ್ಟು ನಿರರ್ಗಳವಾಗಿ ಹೇಳಿದೆ! ಆ ಜಾಗ ಬಂತು. ತಂತಿವಾದ್ಯದವರು ಕೈ ಎತ್ತಿದರು. ನಾನು ಸೆರಗಿನ ತುದಿಯನ್ನು ಬಾಯಿಗೆ ತುರುಕಿಕೊಂಡೆ, ಈ ಸಲ ನಿನ್ನ ಮೌನ ಕೆಡಬಾರದು ಎಂದು. ಅಷ್ಟರಲ್ಲಿ ನೀನು ಕನ್ನಡದಲ್ಲಿ, ನಮ್ಮ ಕುಂದಾಪುರದ ಕೂಟದ ಅದೇ ಧಾಟಿಯಲ್ಲಿ, “ತಾಯೀ, ಬಾಗಿದ್ದು ನನ್ನ ಬೆನ್ನು, ನಾನಲ್ಲ” ಎಂದೆ. ಅಷ್ಟೇ ಹೇಳಿ ನಿಲ್ಲಿಸಿದೆ. ಮೂಲಂಗಿ ಗಾಡಿ ತನ್ನ ಹೊತ್ತಿಗೆ ಬಂತು, ಯಾರೂ ನಗಲಿಲ್ಲ. ಆ ಸಭೆಯಲ್ಲಿ ಕನ್ನಡ ಬರುತ್ತಿದ್ದವಳು ನಾನೊಬ್ಬಳೇ. ನಾನು ಬಂದಿದ್ದೇನೆಂದು ನಿನಗೆ ಗೊತ್ತಿರಲಿಲ್ಲ. ಮೇಲೆ ಏನೇ ಬರೆದಿದ್ದರೂ, ಕಂಬದ ಮರೆಯ ಹುಡುಗಿ ಆಮೇಲೆ ಏನು ಮಾಡಿದಳು ಎನ್ನುವುದು ಈಗ ನನ್ನನ್ನು ಕಾಡುವುದಿಲ್ಲ. ಉಳಿದ ಅರ್ಥವನ್ನು ಕತ್ತಲಲ್ಲಿ ಕೂತು ನಾನೇ ಹೇಳಿ ಮುಗಿಸಿದೆ. ತುಟಿ ಮಾತ್ರ ಆಡಿಸಿದೆ ಮಗಳೇ, ಸದ್ದು ಮಾಡಲಿಲ್ಲ.